ಯಾರೂ ನೋಡದ ಉತಾರ

ಖಾನಾಪುರದ ಕಡೆಯ ನಮ್ಮ ಹಳ್ಳಿಯಿಂದ ಬೆಳಗಾವಿಯ ಕಾಲೇಜಿಗೆ ದಿನವೂ ಬಸ್ಸಿನಲ್ಲಿ ಬಂದು ಹೋಗುವ ವಿದ್ಯಾರ್ಥಿ ನಾನು. ರಾಜ್ಯಶಾಸ್ತ್ರದ ತರಗತಿಯಲ್ಲಿ ಸಂವಿಧಾನದ 22ನೆಯ ವಿಧಿಯನ್ನು ಬರೆದುಕೊಂಡದ್ದು ಮೊದಲು. ಅದರ ಬೆಲೆ ತಿಳಿದದ್ದು ಅನಂತರ, ಅದೂ ಏಳನೆಯ ಇಯತ್ತೆಗೆ ಶಾಲೆ ಬಿಟ್ಟ ನಮ್ಮ ಕಾಕಾನಿಂದ.

ಕಳೆದ ವರ್ಷ ಜಾತ್ರೆಯ ಹಿಂದಿನ ದಿನ ಪೊಲೀಸರು ಮನೆಗೆ ಬಂದು ಕಾಕಾನನ್ನು ಕರೆದೊಯ್ದರು. ಯಾವ ಠಾಣೆಯೆಂಬುದು ಇಲ್ಲಿ ಬೇಡ. ಹೊಲದ ಬದುವಿನ ಸಂಬಂಧ ನೆರೆಯವರೊಡನೆ ಹಳೆಯ ತಕರಾರು ಇದ್ದದ್ದು ನಿಜ. ಕೈ ಕೈ ಮಿಲಾಯಿಸಿದ್ದು ಎಂದೂ ಇಲ್ಲ. ‘ಮುಂಜಾಗ್ರತೆ’ ಎಂದಷ್ಟೇ ಹೇಳಿದರು. ಕಾಕಾ ಹೊಲದ ಉತಾರವನ್ನು ಮಡಚಿ ಒಳಕಿಸೆಯಲ್ಲಿಟ್ಟುಕೊಂಡು ಹೊರಟರು.

ಕತ್ತಲಾದ ಮೇಲೆ ಮರಳಿದಾಗ ಆಯಿ ಬಾಗಿಲಲ್ಲೇ ಕೇಳಿದಳು: “ಬಡದ್ರೇನೋ ತಮ್ಮಾ?”

“ಇಲ್ಲ ಯವ್ವಾ, ಚಹಾ ಕೊಟ್ರು. ಸಹಿ ಮಾಡು ಅಂದ್ರು, ಮಾಡಿದೆ. ಉತಾರ ಮಾತ್ರ ಯಾರೂ ನೋಡ್ಲಿಲ್ಲ.”

ಸಹಿ ಮಾಡಿದ್ದು ಒಂದು ವರ್ಷ ಶಾಂತಿಯಿಂದಿರುವೆನೆಂಬ ಮುಚ್ಚಳಿಕೆಗೆ. ಅಚ್ಚಾದ ನಮೂನೆ, ಹೆಸರಷ್ಟೇ ಕೈಯಲ್ಲಿ ಬರೆದದ್ದು.

ನಾನು ಗ್ರಂಥಾಲಯದಲ್ಲಿ ಕಾಯ್ದೆ ತೆಗೆದು ನೋಡಿದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯ 126ನೆಯ ಕಲಮು, ಅಂದರೆ ಹಳೆಯ 107, ದಂಡಾಧಿಕಾರಿಗೆ ಇಂಥ ಮುಚ್ಚಳಿಕೆ ಕೇಳುವ ಅಧಿಕಾರ ಕೊಟ್ಟಿದೆ. ಆದರೆ ಬಂದ ವರದಿಯ ಸಾರವನ್ನು ಬರಹದಲ್ಲಿ ಕೊಡಬೇಕು, ಓದಿ ಹೇಳಬೇಕು, ಅದು ನಿಜವೇ ಎಂದು ವಿಚಾರಿಸಬೇಕು. ವಿಚಾರಣೆ ಆರಂಭಿಸದೆ ಮಧ್ಯಂತರ ಮುಚ್ಚಳಿಕೆಯನ್ನೂ ಕೇಳುವಂತಿಲ್ಲವೆಂದು ಸುಪ್ರೀಂ ಕೋರ್ಟು 1970ರಲ್ಲೇ ಮಧು ಲಿಮಯೆ ಅವರ ಮೊಕದ್ದಮೆಯಲ್ಲಿ ಹೇಳಿತು. (ನಮ್ಮ ನೆರೆಯ ಗೋವೆಯ ವಿಮೋಚನೆಗಾಗಿ ಪೋರ್ತುಗೀಜರ ಸೆರೆಮನೆ ಕಂಡವರು ಅವರೇ.) ಕಳವು ಮಾಡಿದವನಿಗೆ ಸಾಕ್ಷಿ, ಸವಾಲು ಎಲ್ಲ ಉಂಟು. ಇನ್ನೂ ಏನೂ ಮಾಡದವನಿಗೆ ಇರುವುದು ತನ್ನ ಮಾತೊಂದೇ; ಅದನ್ನೂ ಕೇಳದಿದ್ದರೆ?

ವಿಚಾರಣೆಯಿಲ್ಲದ ಸೆರೆ ನಮ್ಮ ಸೀಮೆಗೆ ಹೊಸದಲ್ಲ. 1924ರಲ್ಲಿ ಬೆಳಗಾವಿ ಕಾಂಗ್ರೆಸ್ಸಿನ ಅಧ್ಯಕ್ಷರಾಗಿದ್ದ ಗಾಂಧೀಜಿಯವರನ್ನು 1930ರ ಮೇ ತಿಂಗಳಲ್ಲಿ ಸರಕಾರ ಮುಂಬಯಿ ಪ್ರಾಂತದ 1827ರ ರೆಗ್ಯುಲೇಶನ್ನಿನಡಿ ಯೆರವಡೆಗೆ ಕಳಿಸಿತು. ಬೆಳಗಾವಿಯೂ ಆಗ ಅದೇ ಪ್ರಾಂತದಲ್ಲಿತ್ತು. ಪರರಾಜ್ಯ ಹೋಯಿತು, 1950ರ ಏಪ್ರಿಲ್‌ನಲ್ಲಿ ಸ್ವತಂತ್ರ ಸರಕಾರವೇ ಸಾವರ್ಕರರನ್ನು ಮುಂಜಾಗ್ರತೆಯೆಂದು ಹಿಡಿದು ಇಲ್ಲಿಯ ಹಿಂಡಲಗಾ ಜೇಲಿಗೆ ತಂದಿತು. ಸುಮಾರು 100 ದಿನಗಳಾದ ಮೇಲೆ, ಒಂದು ವರ್ಷ ರಾಜಕಾರಣಕ್ಕೆ ಇಳಿಯೆನೆಂದು ಒಪ್ಪಿಕೊಂಡಾಗ ಬಿಡುಗಡೆಯಾಯಿತು. ಒಬ್ಬರ ದಾರಿ ಇನ್ನೊಬ್ಬರಿಗೆ ಒಗ್ಗದು. ವಿಚಾರಣೆ ಮಾತ್ರ ಇಬ್ಬರಿಗೂ ದೊರೆಯಲಿಲ್ಲ. ಕಾಕಾನದು ಬೇರೆ ಕಾಯ್ದೆ, ಒಂದು ಹಗಲಿನ ಮಾತು. ಹಾಗೆಂದು ಸಮಾಧಾನ ಹೇಳಹೋದರೆ ಅವರು ನನ್ನ ಮುಖವನ್ನೇ ನೋಡಿದರು.

ಕೊನೆಗೆ ಒಂದು ಅರ್ಜಿ ಬರೆದೆ: ವರದಿಯ ಸಾರದ ನಕಲು ಕೊಡಿರೆಂದು. ಸೆಕ್ಷನ್ನುಗಳನ್ನೆಲ್ಲ ತುಂಬಿದ್ದೆ. ಕಾಕಾ ಓದಿಸಿ ಕೇಳಿ, “ಇದೆಲ್ಲಾ ಆಮ್ಯಾಲೆ ಇರ್ಲಿ. ಮೊದಲ ಸಾಲಿಗೆ, ನನ್ನ ಏನೂ ಕೇಳ್ಲಿಲ್ಲ ಅಂತ ಬರಿ” ಎಂದರು. ಹಾಗೆಯೇ ತಿದ್ದಿದೆ. ಕಚೇರಿಯಲ್ಲಿ ಶಿಕ್ಕಾ ಒತ್ತಿ ಪೋಚಾವತಿ ಕೊಟ್ಟರು. ಅದೀಗ ಕಾಕಾನ ಕಿಸೆಯಲ್ಲಿ ಉತಾರದ ಜೊತೆಗಿದೆ.