ಎರಡನೇ ಸಲ ಒಳಗೆ ಹೋಗೋರು

ಗೇಮ್ ಆಡೋ ಹುಡುಗ್ರಿರೋ ಮನೇಲಿ ‘ರೆಸಿಡೆಂಟ್ ಈವಿಲ್’ ಅನ್ನೋ ಹೆಸರು ಹೊಸದೇನಲ್ಲ. ಜಪಾನಿನ ಕ್ಯಾಪ್‌ಕಾಮ್ ಕಂಪ್ನಿ 1996ರಲ್ಲಿ ಶುರು ಮಾಡಿದ್ದು. ಒಂದು ಔಷಧಿ ಕಂಪ್ನಿಯೋರು ಗುಟ್ಟಾಗಿ ಮಾಡಿದ ವೈರಸ್ಸಿಂದ ಜನ ಸತ್ತೂ ಸಾಯದಂಗೆ ಓಡಾಡ್ತಾರೆ. ಅವರ ಮಧ್ಯದಿಂದ ಜೀವ ಉಳಿಸ್ಕೊಂಡು ಬರಬೇಕು. ನನ್ ಕಣ್ಣಿಗೆ ಬಿದ್ದಿದ್ದು ಅದ್ರೊಳಗಿನ ಲೆಕ್ಕಾಚಾರ. ಗುಂಡು ಇಷ್ಟೇ, ಬ್ಯಾಗಲ್ಲಿ ಜಾಗ ಇಷ್ಟೇ. ಗಾಯಕ್ಕೆ ಹಸಿರು ಸೊಪ್ಪು, ಅದಕ್ಕೆ ಕೆಂಪು ಸೊಪ್ಪು ಬೆರೆಸಿದ್ರೆ ಗುಣ ಜಾಸ್ತಿ. ತಿಂಗಳ ಕೊನೇ ವಾರದ ಅಡುಗೆಮನೆ ಇದ್ದಂಗೈತಲ್ಲೋ ಅಂದೆ. ಮಗ ನಕ್ಕ.

ಈ ಆಟದಲ್ಲಿ ಹಳಬರು ಮತ್ತೆ ಮತ್ತೆ ಬರ್ತಾರೆ. 1998ರ ಎರಡನೇ ಆಟದಲ್ಲಿ ಲಿಯಾನ್ ಅನ್ನೋ ಹುಡುಗ ಪೊಲೀಸ್ ಕೆಲಸದ ಮೊದಲನೇ ದಿನಾನೇ ಸಿಕ್ಕಾಕ್ಕೊಳ್ತಾನೆ. ಅವನಿಗೆ ಏನೂ ಗೊತ್ತಿರಲ್ಲ. 2005ರ ಆಟದಲ್ಲಿ ಅವನೇ ಯೂರೋಪಿನ ಒಂದು ಹಳ್ಳಿಗೆ ಹೋಗ್ತಾನೆ. ಅಲ್ಲಿ ಮೈಯೊಳಗೆ ಸೇರ್ಕೊಳ್ಳೋ ಹುಳದ ಪಿಡುಗು. ಮೊದಲನೇ ಆಟದ ಬ್ಯಾರಿ, 2015ರ ‘ರೆವಲೇಶನ್ಸ್ 2’ರಲ್ಲಿ ಮಗಳನ್ನ ಹುಡುಕ್ಕೊಂಡು ಒಬ್ಬನೇ ದ್ವೀಪಕ್ಕೆ ಬರ್ತಾನೆ. ಅಪ್ಪ ಅಂದ್ಮೇಲೆ ಬರದೇ ಇರ್ತಾನಾ?

ನಮಗೂ ಇಂಥೋರೊಬ್ರು ಇದ್ರು, ವಿಷ್ಣುವರ್ಧನ್. 2004ರ ‘ಆಪ್ತಮಿತ್ರ’ದಲ್ಲಿ ಡಾಕ್ಟ್ರು ವಿಜಯ್ ಆಗಿ ನಾಗವಲ್ಲಿ ಕಾಟ ಬಿಡಿಸಿದ್ರು. 2010ರ ‘ಆಪ್ತರಕ್ಷಕ’ದಲ್ಲಿ ನಾಗವಲ್ಲಿ ಪಟ ಬೇರೆ ಮನೆ ಸೇರಿದಾಗ ಅದೇ ಡಾಕ್ಟ್ರು ಮತ್ತೆ ಬಂದ್ರು. ಆದ್ರೆ ಸಿನಿಮಾ ತೆರೆಗೆ ಬರೋ ಹೊತ್ತಿಗೆ ಅವರೇ ಇರಲಿಲ್ಲ, 2009ರ ಡಿಸೆಂಬರ್ 30ಕ್ಕೆ ಹೋಗಿಬಿಟ್ಟಿದ್ರು. ನಾಗವಲ್ಲಿಯಾಗಿ ಕುಣಿದ ಸೌಂದರ್ಯನೂ ‘ಆಪ್ತಮಿತ್ರ’ ಬಿಡುಗಡೆಗೆ ಮುಂಚೇನೇ ಹೋದ್ಳು. 2004ರ ಏಪ್ರಿಲ್ 17ಕ್ಕೆ, ನಮ್ ಯಲಹಂಕದಾಚೆ ಜಕ್ಕೂರಿಂದ ಮೇಲಕ್ಕೆದ್ದ ಸಣ್ಣ ವಿಮಾನ ಬಿದ್ದು. ಆಟದಲ್ಲಾದ್ರೆ ಸತ್ರೆ ಉಳಿಸಿಟ್ಟ ಜಾಗದಿಂದ ಮತ್ತೆ ಶುರು ಮಾಡಬಹುದು. ಇಲ್ಲಿ ಅಂಥ ಜಾಗ ಎಲ್ಲೈತೆ?

ಮೊದಲನೇ ಸಲ ಹೋಗೋರ್ದು ಅರ್ಧ ಧೈರ್ಯ, ಅರ್ಧ ಗೊತ್ತಿಲ್ದಿರೋದು. ಎರಡನೇ ಸಲ ಹೋಗೋರಿಗೆ ಬಾಗಿಲಾಚೆ ಏನೈತೆ ಅಂತ ಗೊತ್ತು. ಗೊತ್ತಿದ್ದೂ ಹೋಗ್ತಾರಲ್ಲ, ಅದು ದೊಡ್ಡದು ಕಣ್ರೀ.

ಆರು ವರ್ಷದ ಹಿಂದೆ ನಮ್ಮೆಜಮಾನ್ರಿಗೆ ಎದೆನೋವು ಬಂದು ಸ್ಟೆಂಟ್ ಹಾಕಿದ್ರು. ಆವಾಗ ತೋರಿಸಿದ ಕಡೆ ಸಹಿ ಹಾಕ್ದೆ, ಕೂರು ಅಂದ ಕಡೆ ಕೂತೆ. ಈಗ ಬೈಪಾಸ್ ಮಾಡಬೇಕು ಅಂದವ್ರೆ. ಐಸಿಯು ಹೊರಗಿನ ಕುರ್ಚಿ ಎಂಥದ್ದು, ರಾತ್ರಿ ಎರಡು ಗಂಟೇಲಿ ನಮ್ ಹೆಸರು ಕೂಗಿದ್ರೆ ಹೊಟ್ಟೇಲಿ ಏನಾಗ್ತದೆ, ಎಲ್ಲಾ ಗೊತ್ತು ನಂಗೆ. ಅವರಿಗೂ ಗೊತ್ತು. ‘ಇನ್ನೊಂದ್ ಸಲ ಹೋಗ್ಬರೋಣ ಬಿಡೇ’ ಅಂತಾರೆ, ನೆಂಟರ ಮನೆಗೆ ಹೊರಟಂಗೆ. ಆದ್ರೆ ರಾತ್ರಿ ನಿದ್ದೆ ಮಾಡಲ್ಲ.

ಸೋಮವಾರ ಅಡ್ಮಿಟ್ಟು. ಬ್ಯಾಗ್ ಕಟ್ಟಿದೀನಿ: ಹಳೇ ರಿಪೋರ್ಟು, ಫ್ಲಾಸ್ಕು, ಚಾರ್ಜರು, ಒಂದು ಶಾಲು, ಒಂದು ಡಬ್ಬಿ ನಿಪ್ಪಟ್ಟು. ನಿಪ್ಪಟ್ಟು ನನಗೊಬ್ಬಳಿಗೇ ಅಲ್ಲ. ಆ ಕುರ್ಚೀಲಿ ಮೊದಲನೇ ಸಲ ಬಂದು ದಿಕ್ಕು ತೋಚದೆ ಕೂತಿರೋ ಹೆಣ್ಮಗಳು ಯಾರಾದ್ರೂ ಇದ್ದೇ ಇರ್ತಾಳೆ. ಬಿಸಿನೀರು ಎಲ್ಲಿ ಸಿಗ್ತದೆ, ಡಾಕ್ಟ್ರು ಎಷ್ಟೊತ್ತಿಗೆ ಮಾತಾಡ್ತಾರೆ ಅಂತ ಅವಳಿಗೆ ಹೇಳೋಕಾದ್ರೂ ಒಬ್ರು ಬೇಕಲ್ಲ.