ಕಾವಲಿನವನು

ಕಾಲ್ಚೆಂಡಾಟದಲ್ಲಿ ಗೋಲು ಹೊಡೆದವನ ಹೆಸರನ್ನು ಊರೆಲ್ಲ ಹೇಳುತ್ತದೆ. ಗೋಲಾಗದಂತೆ ತಡೆದವನ ಹೆಸರನ್ನು ಕೇಳುವವರಿಲ್ಲ. ನಾನು ಎರಡನೆಯ ಪಂಗಡಕ್ಕೆ ಸೇರಿದವನು. ಶಾಲೆಯಲ್ಲಿದ್ದಷ್ಟು ಕಾಲವೂ ನಾನು ‘ಬ್ಯಾಕ್’ ಆಗಿದ್ದೆನು. ಎಂದರೆ, ಗೋಲಿನ ಮುಂದೆ ನಿಂತು, ಬಂದ ಚೆಂಡನ್ನು ಬಂದ ದಾರಿಗೇ ಅಟ್ಟುವ ಕೆಲಸದವನು. ಇಂತಹ ಅಲ್ಪ ಚರಿತ್ರೆಯನ್ನು ವಾಚಕರ ಮುಂದಿಡಲು ಸಂಕೋಚವಾಗುತ್ತದೆ. ಆದರೆ ಅದರೊಡನೆ ದೊಡ್ಡವರೊಬ್ಬರ ಕಥೆಯೂ ಸೇರಿಕೊಂಡಿದೆ. ಆ ನೆವದಿಂದ ನನ್ನದನ್ನೂ ಸಹಿಸಿಕೊಳ್ಳಬೇಕು.

ನರಿಕೊಂಬಿನಲ್ಲಿ ನಮ್ಮ ಆಟಕ್ಕೆ ಬೇರೆ ಬಯಲಿರಲಿಲ್ಲ. ಏಣೆಲಿನ ಕೊಯ್ಲು ಮುಗಿದೊಡನೆ ಬೆಟ್ಟುಗದ್ದೆಗಳು ಬರಿದಾಗುತ್ತಿದ್ದುವು; ಅವೇ ನಮ್ಮ ಕ್ರೀಡಾಂಗಣ. ಕೂಳೆಗಳು ಬರಿಗಾಲಿಗೆ ಚುಚ್ಚುತ್ತಿದ್ದುವು. ಒಣಗಿದ ಬಾಳೆಲೆಗಳನ್ನು ಉಂಡೆಗಟ್ಟಿ ಹಗ್ಗದಿಂದ ಬಿಗಿದುದೇ ಚೆಂಡು. ಇಬ್ಬನಿಯಲ್ಲಿ ನೆನೆದರೆ ಅದು ಕಲ್ಲಿನಂತೆ ಭಾರವಾಗುತ್ತಿದ್ದಿತು. ಅದನ್ನು ಒದೆದು ಒದೆದು ನನ್ನ ಕಾಲಿಗೆ ಬಲ ಬಂದಿತು. ಪೇಟೆಯ ಶಾಲೆಗೆ ಸೇರಿದಾಗ ಡ್ರಿಲ್ ಮಾಸ್ತರರು ಆ ಬಲವನ್ನು ಕಂಡು ನನ್ನನ್ನು ಬ್ಯಾಕ್ ಸ್ಥಾನದಲ್ಲಿ ನಿಲ್ಲಿಸಿದರು.

1966ರಲ್ಲಿ ಮಂಗಳೂರಿನ ನೆಹರೂ ಮೈದಾನದಲ್ಲಿ ನಮ್ಮ ಶಾಲೆಯ ಪಂದ್ಯವೊಂದು ನಡೆಯಿತು. ಗೇಣಿಯ ಗದ್ದೆಯೇ ಪ್ರಪಂಚವಾಗಿದ್ದ ನನ್ನ ತಂದೆಯವರು, ಅದೊಂದು ದಿನ ಕೆಲಸ ಬಿಟ್ಟು, ಒಗೆದ ಮುಂಡು ಉಟ್ಟು ನೋಡಲು ಬಂದಿದ್ದರು. ಎರಡು ಪಕ್ಷಗಳೂ ಒಂದೊಂದು ಗೋಲು ಮಾಡಿ ಸಮನಾಗಿದ್ದಾಗ ನಮಗೆ ಪೆನಾಲ್ಟಿ ಸಿಕ್ಕಿತು. ಬಲವಾದ ಒದೆತದವನೆಂದು ನನ್ನನ್ನೇ ಕರೆದರು. ಚೆಂಡು ಅಡ್ಡಕಂಬದ ಮೇಲಿನಿಂದ ಹಾರಿಹೋಯಿತು. ಸ್ವಲ್ಪ ಹೊತ್ತಿನಲ್ಲಿ ಎದುರು ಪಕ್ಷದವರು ಗೋಲು ಹೊಡೆದು ಗೆದ್ದರು. ಹಿಂದಿರುಗುವಾಗ ಬಸ್ಸಿನಲ್ಲಿ ನನ್ನೊಡನೆ ಯಾರೂ ಮಾತಾಡಲಿಲ್ಲ.

ಬಸ್ಸಿಳಿದು ಕತ್ತಲಲ್ಲಿ ನಡೆಯುತ್ತಿರುವಾಗ ತಂದೆಯವರು ತುಳುವಿನಲ್ಲಿ, “ಮಗಾ, ನೀನು ಚೆಂಡನ್ನು ಎಷ್ಟು ಸಲ ಅಟ್ಟಿದೆ, ಗೊತ್ತುಂಟೋ?” ಎಂದು ಕೇಳಿದರು. ನಾನು ಸುಮ್ಮನಿದ್ದೆನು. “ಮೂವತ್ತೊಂದು ಸಲ. ಬೆರಳು ಮಡಚಿ ಎಣಿಸಿದ್ದೇನೆ” ಎಂದರು. ಹಗಲು ದನಗಳನ್ನೂ ಇರುಳು ಹಂದಿಗಳನ್ನೂ ಪೈರಿನಿಂದ ಅಟ್ಟುತ್ತ ಬಾಳಿದವರು ಅವರು. ಆಟದ ನಿಯಮ ಅವರಿಗೆ ತಿಳಿಯದು. ಕಾವಲಿನ ಲೆಕ್ಕ ತಿಳಿದಿತ್ತು. ನನಗಾದರೋ ಅದು ಬರಿಯ ಸಮಾಧಾನದ ಮಾತಾಗಿ ಕೇಳಿಸಿತು. ಮರುದಿನವೇ ಆಟವನ್ನು ಬಿಟ್ಟೆನು. ಏಕೆಂದು ಅವರು ಒಮ್ಮೆಯೂ ಕೇಳಲಿಲ್ಲ.

ಬಳಿಕ ಬಹುಕಾಲ ಕಳೆಯಿತು. 2012ರ ಫೆಬ್ರವರಿ 27ರಂದು ಶೈಲೇನ್ ಮನ್ನಾ ಅವರು ತೀರಿಕೊಂಡರು. ಪತ್ರಿಕೆಯಲ್ಲಿ ಅವರ ಜೀವನವೃತ್ತಾಂತವನ್ನು ಓದಿ ನಾನು ಬಹಳ ಹೊತ್ತು ಕುಳಿತಲ್ಲಿಯೇ ಇದ್ದೆನು. ಹೌರಾದಲ್ಲಿ 1924ರಲ್ಲಿ ಹುಟ್ಟಿದ ಅವರೂ ಬ್ಯಾಕ್ ಆಗಿದ್ದವರು. 1948ರ ಜುಲೈ 31ರಂದು, ಲಂಡನ್ನಿನ ಹತ್ತಿರದ ಇಲ್ಫರ್ಡಿನಲ್ಲಿ, ಸ್ವತಂತ್ರ ಭಾರತವು ಒಲಿಂಪಿಕ್ ಪಂದ್ಯದಲ್ಲಿ ಫ್ರಾನ್ಸನ್ನು ಎದುರಿಸಿತು. ನಮ್ಮವರಲ್ಲಿ ಹೆಚ್ಚಿನವರು ಬರಿಗಾಲಿನವರು. ಬೆಂಗಳೂರಿನ ಸಾರಂಗಪಾಣಿ ರಾಮನ್ ಗೋಲು ಹೊಡೆದು ಸಮಮಾಡಿದರು. ಆದರೆ ಆ ದಿನ ಸಿಕ್ಕಿದ ಎರಡು ಪೆನಾಲ್ಟಿಗಳೂ ವ್ಯರ್ಥವಾದುವು. ಒಂದನ್ನು ಒದೆದವರು ಮನ್ನಾ, ಇನ್ನೊಂದನ್ನು ಮಹಾವೀರ ಪ್ರಸಾದ್. ಕೊನೆಯ ಗಳಿಗೆಯಲ್ಲಿ ಫ್ರಾನ್ಸ್ 2–1ರಿಂದ ಗೆದ್ದಿತು.

ನನಗೆ ಒಂದು ಶಾಲೆಯ ಮುಂದೆ ಆದುದು ಅವರಿಗೆ ಒಂದು ದೇಶದ ಮುಂದೆ ಆಯಿತು. ಅವರು ಆಟವನ್ನು ಬಿಡಲಿಲ್ಲ. 1951ರಲ್ಲಿ ದೆಹಲಿಯ ಏಷ್ಯಾ ಕ್ರೀಡೆಗಳಲ್ಲಿ ಅವರ ನಾಯಕತ್ವದಲ್ಲಿಯೇ ಭಾರತವು ಇರಾನನ್ನು 1–0ರಿಂದ ಸೋಲಿಸಿ ಚಿನ್ನದ ಪದಕ ಪಡೆಯಿತು. ಮರುವರ್ಷ ಹೆಲ್ಸಿಂಕಿಯಲ್ಲಿ ಯುಗೋಸ್ಲಾವಿಯಾದ ಎದುರು 10–1ರ ಸೋಲು. ಆ ಒಂದು ಗೋಲು ಬೆಂಗಳೂರಿನ ಅಹ್ಮದ್ ಖಾನರದು, ಸೋಲಿನ ಹೊರೆ ನಾಯಕ ಮನ್ನಾರದು. ಅನಂತರವೂ ಆಡಿದರು. 1942ರಿಂದ 1960ರ ವರೆಗೆ ಮೋಹನ ಬಾಗಾನ್ ಒಂದೇ ಸಂಘದ ಕಾವಲಿಗೆ ನಿಂತರು. ಸಂಘದಿಂದ ಹಣವನ್ನು ಪಡೆಯದೆ, ಭೂವೈಜ್ಞಾನಿಕ ಸರ್ವೇಕ್ಷಣ ಇಲಾಖೆಯ ನೌಕರಿಯಿಂದ ಬಾಳಿದರು. 1971ರಲ್ಲಿ ಪದ್ಮಶ್ರೀ ಬಂದಿತು. ಆದರೂ ಅವರ ಮಾತು ಬಂದಾಗಲೆಲ್ಲ ಇಲ್ಫರ್ಡಿನ ಆ ಪೆನಾಲ್ಟಿಯ ಮಾತೂ ಬರುತ್ತದೆ.

ಈಗ ನಮ್ಮ ಬೆಟ್ಟುಗದ್ದೆಯಲ್ಲಿ ಅಡಕೆಯ ತೋಟವಿದೆ. ಅಲ್ಲಿ ಸುತ್ತಾಡುವಾಗ ಒಂದು ಯೋಚನೆ ಬರುತ್ತದೆ. ಮನ್ನಾ ಹದಿನೆಂಟು ವರ್ಷ ಅಟ್ಟಿದ ಚೆಂಡುಗಳನ್ನು ಯಾರೂ ಎಣಿಸಿರಲಾರರು. ಆದರೂ ಅವರು ನಿಂತರು. ನನಗೆ ಎಣಿಸಿದವರೊಬ್ಬರಿದ್ದರು, ಆದರೂ ನಾನು ಬಿಟ್ಟುಹೋದೆನು. ಇದನ್ನು ತಂದೆಯವರ ಮುಂದೆ ಹೇಳಿಕೊಳ್ಳುವ ಕಾಲ ಮೀರಿಹೋದುದರಿಂದ ಇಲ್ಲಿ ಬರೆದಿದ್ದೇನೆ.