ಮಳೆಗಳ ಪಂಚಾಂಗ

ಕಾಲಕ್ಕೆ ಗೆರೆಗಳಿಲ್ಲ. ಸೂರ್ಯ ಮೂಡುತ್ತಾನೆ, ಮುಳುಗುತ್ತಾನೆ. ಚಂದ್ರ ಬೆಳೆಯುತ್ತಾನೆ, ಕರಗುತ್ತಾನೆ. ಇದು ಸೋಮವಾರ, ಇದು ಚೈತ್ರಮಾಸ ಎಂದು ಆಕಾಶದಲ್ಲಿ ಯಾರೂ ಬರೆದಿಟ್ಟಿಲ್ಲ. ಗೆರೆಯೆಳೆದವನು ಮನುಷ್ಯ. ಆದುದರಿಂದ ಜಗತ್ತಿನ ಎಲ್ಲ ಪಂಚಾಂಗಗಳೂ ಅವನ ಕಲ್ಪನೆಯ ಕೂಸುಗಳೇ ಸರಿ. ಅವುಗಳಲ್ಲಿ ಕೆಲವು ದೀರ್ಘಾಯುಷಿಗಳಾದುವು. ಕೆಲವು ಬೇಗನೆ ಅಳಿದುಹೋದುವು. ಹೀಗೇಕೆ ಎಂಬುದು ವಿಚಾರ ಮಾಡತಕ್ಕ ಸಂಗತಿ.

ನಮ್ಮ ನಾಡಿನಲ್ಲಿಯೇ ಅರಸನೊಬ್ಬನು ಹೊಸ ಕಾಲಗಣನೆಯನ್ನು ಹುಟ್ಟುಹಾಕಿದ ಉದಾಹರಣೆಯುಂಟು. ಕಲ್ಯಾಣದ ಚಾಲುಕ್ಯರ ಆರನೆಯ ವಿಕ್ರಮಾದಿತ್ಯನು 1076ರಲ್ಲಿ ಪಟ್ಟವೇರಿದಾಗ, ಮೊದಲಿನಿಂದ ಬಳಕೆಯಲ್ಲಿದ್ದ ಶಕವರ್ಷವನ್ನು ಬದಿಗಿರಿಸಿ, ‘ಚಾಲುಕ್ಯ ವಿಕ್ರಮ ವರ್ಷ’ವನ್ನು ಆರಂಭಿಸಿದನು. ಧಾರವಾಡ ಸೀಮೆಯ ಅನೇಕ ಶಾಸನಗಳಲ್ಲಿ ಈ ಗಣನೆಯನ್ನು ಕಾಣಬಹುದು. ಐವತ್ತು ವರ್ಷ ಆಳಿದ ಪ್ರತಾಪಶಾಲಿ ಅವನು. ಆದರೂ ಆ ವಂಶದ ಬಲ ಕುಂದಿದಂತೆ ಅವನ ವರ್ಷವೂ ಮರೆಯಾಯಿತು, ಶಕವರ್ಷವು ಉಳಿಯಿತು. ದೂರದ ಫ್ರಾನ್ಸಿನಲ್ಲಿ ಕ್ರಾಂತಿಕಾರರು 1793ರಲ್ಲಿ ಹೊಸ ಪಂಚಾಂಗವನ್ನೇ ರಚಿಸಿ ಜಾರಿಗೆ ತಂದರು. ಮಂಜು, ಮಳೆ, ಹೂವು, ಸುಗ್ಗಿ ಇವುಗಳಿಂದ ತಿಂಗಳುಗಳಿಗೆ ಸುಂದರವಾದ ಹೆಸರುಗಳನ್ನಿಟ್ಟರು. ಆದರೆ ಏಳು ದಿನಗಳ ವಾರವನ್ನು ಹತ್ತು ದಿನಗಳಿಗೆ ಹಿಗ್ಗಿಸಿದರು. ದುಡಿಯುವವನ ವಿಶ್ರಾಂತಿಯ ದಿನ ಅಷ್ಟು ದೂರ ಸರಿಯಿತು. ಜನರ ಮನಸ್ಸು ಅದಕ್ಕೆ ಒಗ್ಗಲಿಲ್ಲ. 1806ರ ಆರಂಭದಲ್ಲಿ ಅದನ್ನು ಕೈಬಿಡಬೇಕಾಯಿತು.

ಇನ್ನು ನವಲಗುಂದದ ಎರೆಹೊಲದ ಬದುವಿನ ಮೇಲೆ ನಿಂತು ನೋಡೋಣ. ಇಲ್ಲಿಯ ಒಕ್ಕಲಿಗನಿಗೂ ಒಂದು ಪಂಚಾಂಗವಿದೆ. ಅದನ್ನು ಯಾವ ಅರಸನೂ ಸಾರಲಿಲ್ಲ. ಸೂರ್ಯನು ವರ್ಷವೊಂದರಲ್ಲಿ ಇಪ್ಪತ್ತೇಳು ನಕ್ಷತ್ರಗಳನ್ನು ದಾಟುತ್ತಾನೆ. ಒಂದೊಂದರಲ್ಲಿ ಸುಮಾರು ಹದಿಮೂರು, ಹದಿನಾಲ್ಕು ದಿನ ಇರುತ್ತಾನೆ. ಆ ಅವಧಿಯಲ್ಲಿ ಬೀಳುವ ಮಳೆಗೆ ಆ ನಕ್ಷತ್ರದ ಹೆಸರು. ಏಪ್ರಿಲ್ ನಡುವಿನಲ್ಲಿ ಅಶ್ವಿನಿ, ಬಳಿಕ ಭರಣಿ, ಕೃತ್ತಿಕೆ. ಮೇ ಕೊನೆಗೆ ರೋಹಿಣಿ. ಜೂನ್ ಮೊದಲ ವಾರ ಕಳೆಯುತ್ತಲೇ ಮೃಗಶಿರ. ನಮ್ಮ ಹಳ್ಳಿಗರು ಮೃಗಶಿರವನ್ನು ‘ಮಿರಗ’ ಎನ್ನುತ್ತಾರೆ. ಮಲೆನಾಡಿನ ಸೆರಗಿನಲ್ಲಿರುವ ಕಲಘಟಗಿಯಲ್ಲಿ ರೋಹಿಣಿ, ಮಿರಗಗಳ ಹದ ನೋಡಿ ಕೂರಿಗೆಯಿಂದ ಬತ್ತ ಬಿತ್ತುತ್ತಾರೆ. ನವಲಗುಂದ, ಅಣ್ಣಿಗೇರಿಗಳ ಕಪ್ಪು ನೆಲವಾದರೋ ಹಿಂಗಾರಿಗೂ ಕಾದಿರುತ್ತದೆ. ಉತ್ತರೆ, ಹಸ್ತ, ಚಿತ್ತೆಗಳ ಮಳೆಯ ತೇವವನ್ನು ಒಡಲಲ್ಲಿ ಹಿಡಿದಿಟ್ಟುಕೊಂಡು ಜೋಳವನ್ನೂ ಕಡಲೆಯನ್ನೂ ಬೆಳೆಸುತ್ತದೆ. ಓದುಬರಹ ತಿಳಿಯದ ಅಜ್ಜಿಯೂ ಈ ಮಳೆಗಳನ್ನು ಮೊಮ್ಮಕ್ಕಳ ಹೆಸರಿನಂತೆ ಒಂದೇ ಉಸಿರಿನಲ್ಲಿ ಹೇಳಬಲ್ಲಳು.

ಸೂರ್ಯನ ಲೆಕ್ಕದ ಜೊತೆಗೆ ಚಂದ್ರನ ಲೆಕ್ಕವೂ ಉಂಟು. ಎತ್ತುಗಳ ಕೊಂಬಿಗೆ ಬಣ್ಣ ಬಳಿಯುವ ಕಾರಹುಣ್ಣಿಮೆ, ಮಣ್ಣಿನ ಎತ್ತು ಮಾಡಿ ಪೂಜಿಸುವ ಮಣ್ಣೆತ್ತಿನ ಅಮಾವಾಸ್ಯೆ, ಬೆಳೆಗೆ ಚರಗ ಚೆಲ್ಲುವ ಸೀಗಿಹುಣ್ಣಿಮೆ ಇವೆಲ್ಲ ಬೇಸಾಯದ ಮೈಲಿಗಲ್ಲುಗಳು. ಆದರೆ ಚಂದ್ರನ ಹನ್ನೆರಡು ತಿಂಗಳಿಗೆ ಸುಮಾರು 354 ದಿನ ಮಾತ್ರ. ಪ್ರತಿವರ್ಷ ಹನ್ನೊಂದು ದಿನ ಕೊರತೆ ಬೀಳುತ್ತದೆ. ಈ ಕೊರತೆ ತುಂಬಲು ಸುಮಾರು ಮೂವತ್ತೆರಡು, ಮೂವತ್ತಮೂರು ತಿಂಗಳಿಗೊಮ್ಮೆ ಅಧಿಕಮಾಸ ಬರುತ್ತದೆ. ಅದಿಲ್ಲದಿದ್ದರೆ ಕಾರಹುಣ್ಣಿಮೆಯು ವರ್ಷವರ್ಷಕ್ಕೂ ಹಿಂದೆ ಸರಿದು, ಬಿತ್ತುವ ಕಾಲವನ್ನೇ ತೊರೆಯುತ್ತಿತ್ತು. ನಮ್ಮ ಹಳ್ಳಿಗಳಲ್ಲಿ ಎಲ್ಲರೂ ಕೂಡಿ ಆಚರಿಸುವ ಮೊಹರಂ ಹಬ್ಬವು ಅಧಿಕಮಾಸವಿಲ್ಲದ ಗಣನೆಗೆ ಸೇರಿದುದು. ಅಂತೆಯೇ ಅದು ಸುಮಾರು ಮೂವತ್ತಮೂರು ವರ್ಷಗಳಲ್ಲಿ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ.

ನಾನು ಶಿಕ್ಷಕನಾಗಿದ್ದಾಗ ಒಂಬತ್ತನೆಯ ತರಗತಿಯ ಮಕ್ಕಳಿಗೊಮ್ಮೆ, ‘ಯಾರೂ ಕಾಣದ ಲೋಕವೊಂದನ್ನು ಕಲ್ಪಿಸಿ, ಅದಕ್ಕೊಂದು ಪಂಚಾಂಗ ರಚಿಸಿರಿ’ ಎಂದು ಹೇಳಿದ್ದೆ. ಒಬ್ಬಳು ಎರಡು ಚಂದ್ರರನ್ನು ತಂದು ವರ್ಷಕ್ಕೆ ಐವತ್ತು ಹುಣ್ಣಿಮೆಗಳನ್ನಿಟ್ಟಳು. ಇನ್ನೊಬ್ಬನು ಪರೀಕ್ಷೆಯ ತಿಂಗಳನ್ನೇ ತೆಗೆದುಹಾಕಿದನು. ಹಿಂದಿನ ಸಾಲಿನ ಹುಡುಗನೊಬ್ಬನು ಮಾತ್ರ ಬಿತ್ತಿಗೆಯ ತಿಂಗಳು, ಕಳೆಯ ತಿಂಗಳು, ರಾಶಿಯ ತಿಂಗಳು ಎಂದು ಬರೆದು, ಕೊನೆಯಲ್ಲಿ ‘ಗುಳೆಯ ತಿಂಗಳು’ ಎಂದು ಸೇರಿಸಿದ್ದನು. ಎಲ್ಲದರ ಮುಂದೆಯೂ ದಿನಗಳ ಸಂಖ್ಯೆಯಿತ್ತು. ಗುಳೆಯ ಮುಂದೆ ಇರಲಿಲ್ಲ. ಏಕೆಂದು ಕೇಳಿದೆ. “ಅದನ್ನ ಮಳಿ ಹೇಳಬೇಕ್ರಿ ಸರ” ಎಂದನು. ಅವನ ತಂದೆತಾಯಿಯರು ಆ ವರ್ಷ ದುಡಿಮೆಯನ್ನರಸಿ ಊರು ಬಿಟ್ಟಿದ್ದರು. ಅವನು ಅಜ್ಜಿಯ ಬಳಿ ಉಳಿದಿದ್ದನು. ಕಾಣದ ಲೋಕವನ್ನು ಕಲ್ಪಿಸೆಂದರೆ ಅವನು ತನ್ನ ಮನೆಯನ್ನೇ ಬರೆದಿದ್ದನು. ಪಂಚಾಂಗದ ನಿಜವಾದ ಅರ್ಥ ಆ ಬರಿದಾದ ಸ್ಥಳದಲ್ಲಿತ್ತು.

ಮಳೆಯ ಪಂಚಾಂಗವೇನೂ ಅಚಲವಲ್ಲ. ನಕ್ಷತ್ರಗಳ ಲೆಕ್ಕದ ವರ್ಷವು ಋತುಗಳ ಲೆಕ್ಕದ ವರ್ಷಕ್ಕಿಂತ ಸುಮಾರು 20 ನಿಮಿಷ ದೀರ್ಘವಾದುದು. ಇದು ಕೂಡುತ್ತ ಹೋಗಿ ಸುಮಾರು 72 ವರ್ಷಕ್ಕೆ ಒಂದು ದಿನವಾಗುತ್ತದೆ. ಸಾವಿರ ವರ್ಷಕ್ಕೆ ಒಂದು ಪೂರ್ಣ ಮಳೆಯಷ್ಟಾಗುತ್ತದೆ. ವಿಕ್ರಮಾದಿತ್ಯನ ಕಾಲದಲ್ಲಿ ಮೃಗಶಿರದ್ದಾಗಿದ್ದ ದಿನಗಳು ಇಂದು ಬಹುಮಟ್ಟಿಗೆ ರೋಹಿಣಿಯ ಪಾಲಾಗಿವೆ. ಈ ಸರಿತ ನಿಧಾನವಾದುದು. ತಲೆಮಾರುಗಳ ಅನುಭವ ಅದಕ್ಕೆ ಹೊಂದಿಕೊಳ್ಳಬಲ್ಲುದು. ಮಿರಗದ ಮಳೆಯೇ ಕೈಕೊಟ್ಟಾಗಲಾದರೋ ಒಕ್ಕಲಿಗನ ಬಳಿ ಉಳಿಯುವುದು ಒಂದು ಬಿತ್ತಿಗೆಯ ಬೀಜ ಮಾತ್ರ. ಆದುದರಿಂದಲೇ ಅವನು ಇಂದು ಹವಾಮಾನ ಇಲಾಖೆಯ ಮುನ್ಸೂಚನೆಯನ್ನೂ ಧಾರವಾಡದ ಕೃಷಿ ವಿಶ್ವವಿದ್ಯಾಲಯದ ಸಲಹೆಯನ್ನೂ ಕೇಳುತ್ತಾನೆ, ಕೇಳಬೇಕಾದುದೇ ಸರಿ. ಆದರೆ ಆ ಮಾತನ್ನು ಕೇಳಿದ ಮೇಲೂ ಅವನು ಹೊಲಕ್ಕೆ ಹೋಗಿ ಹಿಡಿಮಣ್ಣನ್ನು ಹಿಸುಕಿ ಹದ ನೋಡುತ್ತಾನೆ.

ಅರಸರ ಗಣನೆ ಅಧಿಕಾರವನ್ನು ನೆಚ್ಚಿತ್ತು, ಅಧಿಕಾರದೊಡನೆ ಹೋಯಿತು. ಮಳೆಗಳ ಗಣನೆ ದುಡಿಮೆಯನ್ನು ನೆಚ್ಚಿದೆ. ದುಡಿಯುವವರು ನೆನೆಯುವವರೆಗೆ ಅದು ಇರುತ್ತದೆ. ನೆನೆಯುವವರು ಇಂದು ವಿರಳವಾಗುತ್ತಿದ್ದಾರೆ. ನೀವೂ ಕಾಣದ ಲೋಕಗಳನ್ನು ಕಲ್ಪಿಸಿರಿ, ಅವುಗಳಿಗೆ ಪಂಚಾಂಗಗಳನ್ನು ಕಟ್ಟಿರಿ. ಅದು ಒಳ್ಳೆಯ ಆಟ. ಅದಕ್ಕೆ ಮೊದಲು ಮನೆಯ ಹಿರಿಯರ ಬಳಿ ಕುಳಿತು, ಅವರು ಯಾವ ಮಳೆಗೆ ಏನು ಬಿತ್ತುತ್ತಿದ್ದರೆಂದು ಕೇಳಿ ಬರೆದುಕೊಳ್ಳಿರಿ.